ಒತ್ತಕ್ಷರ ಒಡೆದರೆ ಬಗ್ ಯಾರ ಬಾಗಿಲಿಗೆ ಒಯ್ಯಬೇಕು?

ಓಪನ್ ಸೋರ್ಸ್‌ಗೆ ಕೈಜೋಡಿಸಬೇಕು ಎಂದು ಹೊರಟವರಿಗೆ ಸಿಗುವ ಮೊದಲ ಸಲಹೆ ‘ಗುಡ್ ಫಸ್ಟ್ ಇಶ್ಯೂ’ (ಹೊಸಬರಿಗೆ ತಕ್ಕ ಮೊದಲ ಕೆಲಸ) ಲೇಬಲ್ ಹುಡುಕಿ ಅನ್ನುವುದು. ಹೆಸರಾಂತ ಪ್ರಾಜೆಕ್ಟುಗಳಲ್ಲಿ ಆ ಲೇಬಲ್ ಬಿದ್ದ ಕೂಡಲೇ ‘ಇದನ್ನು ನನಗೆ ಕೊಡಿ’ ಎನ್ನುವವರ ಸಾಲು ನಿಂತಿರುತ್ತದೆ. ಕನ್ನಡ ಓದಬಲ್ಲವರು ಆ ಸಾಲಿನಲ್ಲಿ ನಿಲ್ಲಬೇಕಾಗಿಲ್ಲ. ಫೈರ್‌ಫಾಕ್ಸ್, ಲಿಬ್ರೆಆಫೀಸ್, ಹಾರ್ಫ್‌ಬಜ್‌ನಂಥ ತಂತ್ರಾಂಶಗಳನ್ನು ಕಟ್ಟುವ ಬಹುಪಾಲು ಜನಕ್ಕೆ ತೆರೆಯ ಮೇಲೆ ‘ರಾಷ್ಟ್ರ’ ಸರಿಯಾಗಿ ಮೂಡಿದೆಯೋ ಇಲ್ಲವೋ ನೋಡಿದರೆ ತಿಳಿಯುವುದಿಲ್ಲ. ನಮಗೆ ಕಣ್ಣು ಹಾಯಿಸಿದರೆ ಸಾಕು, ತಿಳಿಯುತ್ತದೆ. ಇಷ್ಟೊಂದು ಬೆಲೆಯ ಅರ್ಹತೆ ಕೈಯಲ್ಲಿದ್ದೂ ನಾವು ‘ಕನ್ನಡ ಸರಿಯಾಗಿ ಬರ್ತಿಲ್ಲ’ ಎಂದು ವಾಟ್ಸ್‌ಆ್ಯಪ್ ಗುಂಪಿನಲ್ಲಿ ಹೇಳಿಕೊಂಡು ಸುಮ್ಮನಾಗುತ್ತೇವೆ. ಆ ಮಾತು ಅದನ್ನು ಸರಿಮಾಡಬಲ್ಲವರ ಕಿವಿಗೆ ಬೀಳುವುದೇ ಇಲ್ಲ.

ಬಿದ್ದರೂ ಅವರು ಏನೂ ಮಾಡಲಾರರು, ಏಕೆಂದರೆ ‘ಸರಿಯಾಗಿ ಬರ್ತಿಲ್ಲ’ ಅನ್ನುವುದರಲ್ಲಿ ಹಿಡಿದುಕೊಳ್ಳಲು ಏನೂ ಇಲ್ಲ. ತಪ್ಪು ಎಲ್ಲಿದೆ ಎಂದು ಬೆರಳಿಟ್ಟು ತೋರಿಸಿದರೆ, ಕನ್ನಡದ ಒಂದಕ್ಷರ ಗೊತ್ತಿಲ್ಲದ ಎಂಜಿನಿಯರ್ ಕೂಡ ಅದನ್ನು ಸರಿಮಾಡುತ್ತಾರೆ. ಹಾಗೆ ಬೆರಳಿಡುವುದು ಹೇಗೆ, ಸರಿಪಡಿಸಿದ ಪ್ಯಾಚನ್ನು (ಕೋಡಿನ ಬದಲಾವಣೆಯನ್ನು) ಒಪ್ಪುವ ಹಾಗೆ ಕಳಿಸುವುದು ಹೇಗೆ ಎನ್ನುವುದಷ್ಟೇ ಈ ಬರಹದ ವಿಷಯ.

ತಪ್ಪು ಯಾವ ಪದರದಲ್ಲಿದೆ

ಒಂದು ಕನ್ನಡ ಪದ ತೆರೆಗೆ ಬರುವ ಮುನ್ನ ಹಲವು ಕೈ ದಾಟುತ್ತದೆ. ಕೀಲಿಮಣೆ ತಂತ್ರಾಂಶ ನೀವು ಒತ್ತಿದ ಕೀಲಿಗಳನ್ನು ಯುನಿಕೋಡ್ ಸಂಕೇತಗಳನ್ನಾಗಿ ಮಾಡುತ್ತದೆ. ಲಿನಕ್ಸ್‌ನಲ್ಲಿ ಈ ಕೆಲಸ ಹೆಚ್ಚಾಗಿ ಐಬಸ್ ಮತ್ತು ಎಂ17ಎನ್‌ನದು; ಕೆಜಿಪಿ, ಇನ್‌ಸ್ಕ್ರಿಪ್ಟ್, ಐಟ್ರಾನ್ಸ್ ವಿನ್ಯಾಸಗಳು ಅದರಲ್ಲಿವೆ. ಆ್ಯಪ್ ಆ ಸಂಕೇತಗಳನ್ನು ಉಳಿಸುತ್ತದೆ, ಹುಡುಕುತ್ತದೆ, ಉದ್ದವಾದರೆ ಕತ್ತರಿಸುತ್ತದೆ. ಶೇಪಿಂಗ್ ಎಂಜಿನ್ ಯಾವುದು ಒತ್ತಾಗಬೇಕು, ಯಾವುದು ಅರ್ಕಾವತ್ತಾಗಿ ಕೊನೆಗೆ ಸರಿಯಬೇಕು ಎಂದು ನಿರ್ಧರಿಸುತ್ತದೆ. ಫೈರ್‌ಫಾಕ್ಸ್, ಕ್ರೋಮ್, ಆಂಡ್ರಾಯ್ಡ್, ಲಿಬ್ರೆಆಫೀಸ್ ಎಲ್ಲಕ್ಕೂ ಆ ಎಂಜಿನ್ ಹಾರ್ಫ್‌ಬಜ್. ಒತ್ತಿನ ಆಕಾರ ಎಲ್ಲಿಂದ ತರಬೇಕು ಎಂಬ ನಿಯಮಗಳು ಫಾಂಟಿನೊಳಗಿರುತ್ತವೆ. ಕೊನೆಗೆ ಸಾಲಿಗೆ ಎಷ್ಟು ಎತ್ತರ ಕೊಡಬೇಕು ಎಂಬುದು ಮತ್ತೆ ಆ್ಯಪ್‌ನ ಕೈಗೆ ಬರುತ್ತದೆ.

ಕಣ್ಣಿಗೆ ಕಾಣುವ ತಪ್ಪು ಒಂದೇ ಥರ ಇದ್ದರೂ ಅದು ಹುಟ್ಟಿದ ಜಾಗ ಇವುಗಳಲ್ಲಿ ಯಾವುದೂ ಆಗಿರಬಹುದು. ತಪ್ಪು ಬಾಗಿಲು ತಟ್ಟಿದರೆ ‘ಇದು ನಮ್ಮದಲ್ಲ’ ಎಂದು ಬಗ್ (ತಪ್ಪಿನ ವರದಿ) ಮುಚ್ಚುತ್ತಾರೆ. ಹೊಸಬರು ಬೇಸರಪಟ್ಟು ಬಿಟ್ಟುಬಿಡುವುದು ಹೆಚ್ಚಾಗಿ ಇಲ್ಲೇ.

ಮೊದಲು ಸಂಕೇತಗಳನ್ನು ನೋಡಿ. ತಪ್ಪಾಗಿ ಕಂಡ ಪದವನ್ನು ನಕಲು ಮಾಡಿ ಪೈಥಾನ್‌ಗೆ ಕೊಟ್ಟು, ಒಂದೊಂದು ಸಂಕೇತಕ್ಕೂ ಯುನಿಕೋಡ್‌ಡೇಟಾ ಮಾಡ್ಯೂಲಿನಿಂದ ಹೆಸರು ಕೇಳಿ. ‘ಸ್ತ್ರೀ’ಗೆ 6 ಹೆಸರು ಬರಬೇಕು: ಸ, ಹಲಂತ, ತ, ಹಲಂತ, ರ, ಈ-ಕಾರದ ಗುಣಿತ. ಪಟ್ಟಿಯೇ ತಪ್ಪಿದ್ದರೆ ಫಾಂಟನ್ನು ದೂರುವುದರಲ್ಲಿ ಅರ್ಥವಿಲ್ಲ, ಕೀಲಿಮಣೆಯತ್ತ ಹೋಗಬೇಕು. ಕನ್ನಡ ಹೆಸರುಗಳ ಬದಲು ಲ್ಯಾಟಿನ್ ಅಕ್ಷರಗಳ ಸಾಲು ಬಂದರೆ ಅದು ನುಡಿ ಅಥವಾ ಬರಹದ ಹಳೆಯ ಆಸ್ಕಿ ಫಾಂಟಿನಲ್ಲಿ ಟೈಪ್ ಮಾಡಿದ ಪಠ್ಯ. ಅದಕ್ಕೆ ಬೇಕಾದ್ದು ಯುನಿಕೋಡ್ ಪರಿವರ್ತಕ. ಅದನ್ನು ಬಗ್ ಎಂದು ಎಲ್ಲಿಯೂ ಹಾಕಬೇಡಿ.

ಪಟ್ಟಿ ನೋಡುವಾಗ ಇನ್ನೊಂದು ಗಮನದಲ್ಲಿರಲಿ. ಕನ್ನಡದ ಕೆಲವು ಗುಣಿತ ಚಿಹ್ನೆಗಳನ್ನು ಒಂದೇ ಸಂಕೇತವಾಗಿಯೂ ಬರೆಯಬಹುದು, ಬಿಡಿ ತುಂಡುಗಳಾಗಿಯೂ ಬರೆಯಬಹುದು. ‘ಕೋ’ದ ಓ-ಕಾರ ಒಂದೇ ಸಂಕೇತ, ಅದೇ ಓ-ಕಾರ ಎ-ಕಾರ, ಊ-ಕಾರ, ದೀರ್ಘ ಚಿಹ್ನೆ ಎಂಬ ಮೂರು ಸಂಕೇತಗಳಾಗಿಯೂ ಇರಬಹುದು. ಯುನಿಕೋಡ್ ಪ್ರಕಾರ ಎರಡೂ ಸಮಾನ, ತೆರೆಯ ಮೇಲೆ ಎರಡೂ ಒಂದೇ ಥರ. ಆದರೆ ಬೈಟುಗಳನ್ನು ಹೋಲಿಸುವ ಆ್ಯಪ್‌ಗೆ ಅವು ಬೇರೆ ಬೇರೆ. ‘ಕೋಟೆ’ ಎಂದು ಹುಡುಕಿದರೆ ಎದುರಿಗಿರುವ ‘ಕೋಟೆ’ ಸಿಗುವುದಿಲ್ಲ. ಹುಡುಕುವ ಪದ, ಉಳಿಸಿದ ಪದ ಎರಡನ್ನೂ ಎನ್‌ಎಫ್‌ಸಿ ರೂಪಕ್ಕೆ (ತುಂಡುಗಳನ್ನು ಜೋಡಿಸಿದ ಯುನಿಕೋಡ್ ರೂಪಕ್ಕೆ) ತಂದು ಹೋಲಿಸಿದರೆ ಇದು ಸರಿಹೋಗುತ್ತದೆ. ಹೆಚ್ಚಿನ ಪ್ರೋಗ್ರಾಮಿಂಗ್ ಭಾಷೆಗಳಲ್ಲಿ ಒಂದು ಸಾಲಿನ ಕೆಲಸ. ಮೊದಲ ಪ್ಯಾಚ್‌ಗೆ ಇದಕ್ಕಿಂತ ಒಳ್ಳೆಯ ವಿಷಯ ಸಿಗುವುದು ಕಷ್ಟ. ಮ್ಯಾಕ್‌ನ ಹಳೆಯ ಎಚ್‌ಎಫ್‌ಎಸ್ ಪ್ಲಸ್ ಕಡತ ವ್ಯವಸ್ಥೆ ಹೆಸರುಗಳನ್ನು ಬಿಡಿಸಿಯೇ ಇಡುತ್ತಿತ್ತು, ಹಾಗಾಗಿ ಹಳೆಯ ಡಿಸ್ಕಿನಿಂದ ಬಂದ ಕನ್ನಡ ಹೆಸರಿನ ಕಡತಗಳಲ್ಲಿ ಈ ತೊಂದರೆ ಹೆಚ್ಚು.

ಸಂಕೇತಗಳು ಸರಿಯಿವೆ, ಆಕಾರ ಮಾತ್ರ ತಪ್ಪು ಎಂದಾದರೆ ಹಾರ್ಫ್‌ಬಜ್ ಜೊತೆ ಬರುವ ಎಚ್‌ಬಿ-ವ್ಯೂ, ಎಚ್‌ಬಿ-ಶೇಪ್ ಎಂಬ ಎರಡು ಪುಟ್ಟ ಸಲಕರಣೆಗಳು ಬೇಕು. ಡೆಬಿಯನ್, ಉಬುಂಟುಗಳಲ್ಲಿ ಲಿಬ್‌ಹಾರ್ಫ್‌ಬಜ್-ಬಿನ್ ಪ್ಯಾಕೇಜಿನಲ್ಲಿವೆ. ಎಚ್‌ಬಿ-ವ್ಯೂಗೆ ಫಾಂಟ್ ಕಡತ, ಪದ ಕೊಟ್ಟರೆ ಚಿತ್ರ ಕೊಡುತ್ತದೆ. ಎಚ್‌ಬಿ-ಶೇಪ್ ಆ ಚಿತ್ರದ ಬದಲು ಯಾವ ಗ್ಲಿಫ್ (ಫಾಂಟಿನ ಅಕ್ಷರಾಕಾರ), ಯಾವ ಕ್ರಮದಲ್ಲಿ, ಎಷ್ಟು ಅಗಲ ಎಂದು ಚೌಕಾವರಣದೊಳಗೆ ಬರೆಯುತ್ತದೆ. ಆ್ಯಪ್‌ನ ಗೊಡವೆಯೇ ಇಲ್ಲದೆ ಫಾಂಟು ಮತ್ತು ಎಂಜಿನ್ನು ಇಬ್ಬರೇ ಸೇರಿ ಏನು ಮಾಡುತ್ತಾರೆ ಎಂದು ಇಲ್ಲಿ ಕಾಣುತ್ತದೆ.

ಇಲ್ಲಿ ಸರಿಯಾಗಿ ಬಂದು ಆ್ಯಪ್‌ನಲ್ಲಿ ಒಡೆದರೆ ತಪ್ಪು ಆ್ಯಪ್‌ನದು. ಇಲ್ಲೂ ಒಡೆದು, ಬೇರೆ ಫಾಂಟ್ ಕೊಟ್ಟಾಗ ಸರಿಹೋದರೆ ಫಾಂಟಿನದು. ಎಲ್ಲ ಫಾಂಟಿನಲ್ಲೂ ಒಂದೇ ರೀತಿ ಒಡೆದರೆ ಮತ್ತೊಮ್ಮೆ ಸಂಕೇತ ನೋಡಿ, ಆಮೇಲಷ್ಟೇ ಹಾರ್ಫ್‌ಬಜ್‌ನ ಮೇಲೆ ಅನುಮಾನಪಡಿ. ಅಲ್ಲಿ ನಿಜವಾದ ಕನ್ನಡ ಬಗ್ ಸಿಗುವುದು ಈಗ ಅಪರೂಪ. ಪದದ ನಡುವೆ ಚುಕ್ಕಿಗಳ ಉಂಗುರ ಕಂಡರೆ ಸಂಕೇತಗಳ ಕ್ರಮ ಎಂಜಿನ್‌ಗೆ ಒಪ್ಪಿಗೆಯಾಗಿಲ್ಲ ಎಂದರ್ಥ. ಖಾಲಿ ಚೌಕ ಕಂಡರೆ ಆ ಅಕ್ಷರವೇ ಫಾಂಟಿನಲ್ಲಿಲ್ಲ.

ಜನ ಎಡವುವ ಜಾಗ ಇನ್ನೊಂದಿದೆ. ನೀವು ಅಂದುಕೊಂಡ ಫಾಂಟೇ ತೆರೆಯ ಮೇಲಿದೆ ಎಂದು ನಂಬಬೇಡಿ. ಬ್ರೌಸರು ತನಗೆ ತೋಚಿದ ಬದಲಿ ಫಾಂಟ್ ಹಾಕಿರಬಹುದು. ಫೈರ್‌ಫಾಕ್ಸ್‌ನ ಡೆವಲಪರ್ ಸಲಕರಣೆಗಳಲ್ಲಿ ಫಾಂಟ್ಸ್ ಎಂಬ ಭಾಗವಿದೆ, ಕ್ರೋಮ್‌ನಲ್ಲಿ ಕಂಪ್ಯೂಟೆಡ್ ಭಾಗದ ಅಡಿಯಲ್ಲಿ ನಿಜವಾಗಿ ಬಳಸಿದ ಫಾಂಟಿನ ಹೆಸರು ಇರುತ್ತದೆ. ಲಿನಕ್ಸ್‌ನಲ್ಲಿ ಎಫ್‌ಸಿ-ಮ್ಯಾಚ್ ಆಜ್ಞೆಗೆ ಕನ್ನಡದ ಭಾಷಾ ಸಂಕೇತ ಕೊಟ್ಟು ಕೇಳಿದರೆ ವ್ಯವಸ್ಥೆ ಕನ್ನಡಕ್ಕೆ ಯಾವುದನ್ನು ಆರಿಸುತ್ತದೆ ಎಂದು ಹೇಳುತ್ತದೆ. ಬ್ರೌಸರುಗಳು ಹಾರ್ಫ್‌ಬಜ್‌ನ ತಮ್ಮದೇ ಪ್ರತಿಯನ್ನು ಒಳಗಿಟ್ಟುಕೊಂಡಿರುತ್ತವೆ ಎನ್ನುವುದನ್ನೂ ಮರೆಯಬೇಡಿ; ವ್ಯವಸ್ಥೆಯಲ್ಲಿರುವ ಆವೃತ್ತಿಗೂ ಅದಕ್ಕೂ ಸಂಬಂಧವಿಲ್ಲ.

ಒತ್ತಿನ ಕೆಳಭಾಗ ಕತ್ತರಿಸಿದಂತೆ ಕಾಣುವುದು ಮಾತ್ರ ಹೆಚ್ಚಾಗಿ ಆ್ಯಪ್‌ನ ತಪ್ಪು. ಇಂಗ್ಲಿಷ್ ಅಕ್ಷರಗಳ ಅಳತೆ ನೋಡಿ ಬಟನ್ನಿಗೆ ಗಟ್ಟಿಯಾಗಿ ಎತ್ತರ ಬರೆದಿರುತ್ತಾರೆ, ‘ರಾಷ್ಟ್ರ’ದ ಎರಡನೇ ಒತ್ತು ಅದರೊಳಗೆ ಹಿಡಿಸುವುದಿಲ್ಲ.

ಯಾವ ಆ್ಯಪ್‌ನದೂ ಅಲ್ಲದ, ಮಾನದಂಡದಲ್ಲೇ ಇರುವ ಕೊರತೆಗಳೂ ಇವೆ. ಪಠ್ಯವನ್ನು ಓದುಗರು ಗ್ರಹಿಸುವ ಅಕ್ಷರಗಳಾಗಿ ಬಿಡಿಸಲು ಯುನಿಕೋಡ್‌ನದೇ ನಿಯಮಗಳಿವೆ. 2023ರ 15.1ನೇ ಆವೃತ್ತಿಯಲ್ಲಿ ಸಂಯುಕ್ತಾಕ್ಷರವನ್ನು ಒಡೆಯಬಾರದು ಎಂಬ ಹೊಸ ನಿಯಮ ಸೇರಿತು. ಅದು ಅನ್ವಯಿಸುವ ಪಟ್ಟಿಯಲ್ಲಿ ದೇವನಾಗರಿ, ಬಂಗಾಳಿ, ಗುಜರಾತಿ, ಒಡಿಯಾ, ತೆಲುಗು, ಮಲಯಾಳಂ ಇದ್ದವು, ಕನ್ನಡ ಇರಲಿಲ್ಲ. ಹಾಗಾಗಿ ಆ ನಿಯಮವನ್ನು ಚಾಚೂ ತಪ್ಪದೆ ಪಾಲಿಸುವ ಪ್ರೋಗ್ರಾಮಿನಲ್ಲಿ ತೆಲುಗು ಲಿಪಿಯ ‘ಸ್ತ್ರೀ’ ಒಂದೇ ತುಂಡು, ಕನ್ನಡ ಲಿಪಿಯದು ಸ್, ತ್, ರೀ ಎಂದು ಮೂರು. ಕರ್ಸರ್ ಒತ್ತಕ್ಷರದ ನಡುವೆ ನಿಲ್ಲುವುದು, ಮೊದಲಕ್ಷರ ದೊಡ್ಡದಾಗಿಸಿದಾಗ ಅರ್ಧ ಮಾತ್ರ ದೊಡ್ಡದಾಗುವುದು, ಅಕ್ಷರ ಎಣಿಕೆ ತಪ್ಪುವುದು ಇವಕ್ಕೆಲ್ಲ ಇದು ಬೇರು. ಇಂಥದ್ದನ್ನು ಒಂದೊಂದು ಆ್ಯಪ್‌ಗೂ ಬಗ್ ಹಾಕುತ್ತಾ ಹೋದರೆ ಮುಗಿಯುವುದಿಲ್ಲ. ಈಗಿನ ಆವೃತ್ತಿಯ ಡೇಟಾ ಕಡತದಲ್ಲಿ ಕನ್ನಡದ ಹಲಂತದ ಸಾಲನ್ನು ನೋಡಿ, ಉದಾಹರಣೆಗಳ ಸಮೇತ ಯುನಿಕೋಡ್‌ನ ಪ್ರತಿಕ್ರಿಯೆ ಅರ್ಜಿಯಲ್ಲಿ ಬರೆಯಬೇಕು. ಅಲ್ಲಿ ತಾಂತ್ರಿಕ ಸಮಿತಿಯ ಸಭೆಗೆ ಬಂದು, ಚರ್ಚೆಯಾಗಿ, ಮುಂದಿನ ಆವೃತ್ತಿಗೆ ಸೇರಬೇಕು. ವರ್ಷ ಹಿಡಿಯುವುದು ಮಾಮೂಲು. ಆದರೆ ಒಮ್ಮೆ ಸೇರಿದರೆ ಆ ನಿಯಮ ಪಾಲಿಸುವ ಎಲ್ಲ ಆ್ಯಪ್‌ಗಳಿಗೂ ತಾನಾಗಿ ಹರಿದುಬರುತ್ತದೆ. ಕನ್ನಡದ ಮಟ್ಟಿಗೆ ಇಷ್ಟು ದೂರ ತಲುಪುವ ಕೆಲಸ ಬೇರೆ ಇಲ್ಲ.

ಒಂದು ಬಗ್ ಹತ್ತಿರದಿಂದ

‘ಸಾಫ್ಟ್‌ವೇರ್’ ಪದ ತೆಗೆದುಕೊಳ್ಳಿ. ‘ಟ್’ ಆದ ಮೇಲೆ ‘ವೇ’ ಒತ್ತಾಗದೆ ಬಿಡಿಯಾಗಿ ನಿಲ್ಲಬೇಕಾದರೆ ಅವೆರಡರ ನಡುವೆ ಶೂನ್ಯ ಅಗಲದ ನಾನ್-ಜಾಯ್ನರ್ (ಅಕ್ಷರಗಳು ಕೂಡದಂತೆ ತಡೆಯುವ ಕಾಣದ ಸಂಕೇತ) ಇರಬೇಕು. ಅದನ್ನು ಸೇರಿಸಿ ಪದದಲ್ಲಿ 11 ಸಂಕೇತ, ಯುಟಿಎಫ್-8ರಲ್ಲಿ 33 ಬೈಟ್. ಅದು ಕಳೆದುಹೋದರೆ 10 ಸಂಕೇತ, ಪದ ‘ಸಾಫ್ಟ್ವೇರ್’ ಆಗುತ್ತದೆ. ಉಳಿಸುವಾಗ ಸರಿಯಿದ್ದ ಶೀರ್ಷಿಕೆ ಮತ್ತೆ ತೆರೆದಾಗ ಹೀಗೆ ಒತ್ತು ಕಟ್ಟಿಕೊಂಡಿದ್ದರೆ, ಆ್ಯಪ್ ಎಲ್ಲೋ ‘ಅದೃಶ್ಯ ಅಕ್ಷರ’ಗಳನ್ನು ಗುಡಿಸಿಹಾಕುತ್ತಿದೆ ಎಂದು ಬಹುಮಟ್ಟಿಗೆ ಖಚಿತವಾಗಿ ಹೇಳಬಹುದು.

ಕೋಡಿನಲ್ಲಿ ಇದನ್ನು ಹುಡುಕುವುದು ಸುಲಭ. ಸ್ಯಾನಿಟೈಸ್, ಸ್ಟ್ರಿಪ್, ಕ್ಲೀನ್ ಎಂಬ ಪದಗಳಿಗೆ ಗಿಟ್ ಗ್ರೆಪ್ ಮಾಡಿ (ಕೋಡಿನ ಆವೃತ್ತಿಗಳನ್ನು ನಿರ್ವಹಿಸುವ ಗಿಟ್ ಸಲಕರಣೆಯ ಹುಡುಕುವ ಆಜ್ಞೆ). ಯುನಿಕೋಡ್‌ನ ಫಾರ್ಮ್ಯಾಟ್ ವರ್ಗದ ಕಾಣದ ಸಂಕೇತಗಳೆಲ್ಲವನ್ನೂ ಖಾಲಿಯಿಂದ ಬದಲಿಸುವ ಒಂದು ರೆಗ್ಯುಲರ್ ಎಕ್ಸ್‌ಪ್ರೆಶನ್ ಸಿಗುತ್ತದೆ. ಬರೆದವರ ಉದ್ದೇಶ ಒಳ್ಳೆಯದೇ: ಕಾಣದ ಅಕ್ಷರ ಸೇರಿಸಿ ಇನ್ನೊಬ್ಬರ ಹೆಸರಿನ ನಕಲಿ ಖಾತೆ ತೆರೆಯುವುದನ್ನು ತಡೆಯಬೇಕಿತ್ತು. ಆದ್ದರಿಂದ ‘ಇದನ್ನು ತೆಗೆದುಬಿಡಿ’ ಎಂಬ ಪ್ಯಾಚ್ ಒಪ್ಪಿಗೆಯಾಗುವುದಿಲ್ಲ, ಆಗಲೂಬಾರದು. ಖಾತೆಯ ಹೆಸರಿಗೆ ಆ ನಿಯಮ ಇರಲಿ, ಶೀರ್ಷಿಕೆ ಮತ್ತು ಪಠ್ಯಕ್ಕೆ ಜಾಯ್ನರ್ (ನಾನ್-ಜಾಯ್ನರ್‌ನ ಜೋಡಿ ಸಂಕೇತ), ನಾನ್-ಜಾಯ್ನರ್ ಎರಡನ್ನು ಅಳಿಸದೆ ಬಿಡಿ ಎನ್ನುವ ಪ್ಯಾಚ್ ನಿಲ್ಲುತ್ತದೆ.

ಈ ಹಂತದಲ್ಲಿ ಅನುಭವಿ ರಿವ್ಯೂವರ್ (ಪ್ಯಾಚ್ ಪರಿಶೀಲಿಸುವವರು) ಒಬ್ಬರು ಒಂದು ಸೂಚನೆ ಕೊಡಬಹುದು: ಡೊಮೇನ್ ಹೆಸರುಗಳ ನಿಯಮದಲ್ಲಿರುವಂತೆ, ಹಿಂದೆ ಹಲಂತ ಇದ್ದರೆ ಮಾತ್ರ ಇವೆರಡನ್ನು ಉಳಿಸೋಣ. ಕೇಳಲು ಅಚ್ಚುಕಟ್ಟು. ‘ಸಾಫ್ಟ್‌ವೇರ್’ ಅದರಲ್ಲಿ ಪಾಸಾಗುತ್ತದೆ ಕೂಡ. ಆದರೆ ‘ರ‍್ಯಾಲಿ’ ಫೇಲ್. ಅರ್ಕಾವತ್ತು ಆಗದಂತೆ ತಡೆಯಲು ಕನ್ನಡದಲ್ಲಿ ಜಾಯ್ನರ್ ಬರುವುದು ರ-ಕಾರಕ್ಕೂ ಹಲಂತಕ್ಕೂ ನಡುವೆ; ಅಂದರೆ ಹಲಂತದ ಹಿಂದೆ, ಮುಂದೆ ಅಲ್ಲ. ಯುನಿಕೋಡ್ ಮಾನದಂಡದ 12ನೇ ಅಧ್ಯಾಯದ ಕನ್ನಡ ಭಾಗದಲ್ಲಿ ಇದು ಬರೆದಿದೆ. ಈ ಒಂದು ಮಾಹಿತಿಯನ್ನು ರಿವ್ಯೂನಲ್ಲಿ ಹೇಳಬಲ್ಲವರು ಆ ಇಡೀ ಪ್ರಾಜೆಕ್ಟಿನಲ್ಲಿ ನೀವೊಬ್ಬರೇ ಇರಬಹುದು. ಹೇಳದೆ ಬಿಟ್ಟರೆ ಅರೆಬರೆ ಪರಿಹಾರ ಒಳಸೇರಿ ವರ್ಷಗಟ್ಟಲೆ ಹಾಗೇ ಉಳಿಯುತ್ತದೆ.

ಪ್ಯಾಚ್ ಜೊತೆ ಟೆಸ್ಟ್ ಇರಲೇಬೇಕು, ಎರಡು ಪದಕ್ಕೂ. ಟೆಸ್ಟ್ ಕಡತದಲ್ಲಿ ಅದೃಶ್ಯ ಸಂಕೇತಗಳನ್ನು ನೇರವಾಗಿ ಟೈಪ್ ಮಾಡದೆ ಎಸ್ಕೇಪ್ ರೂಪದಲ್ಲಿ (ಸಂಕೇತದ ಸಂಖ್ಯೆಯಾಗಿ) ಬರೆಯಿರಿ. ನೇರವಾಗಿ ಇಟ್ಟರೆ ರಿವ್ಯೂ ಮಾಡುವವರ ಕಣ್ಣಿಗೆ ಅದು ಕಾಣುವುದಿಲ್ಲ, ಮುಂದೆ ಯಾರದೋ ಎಡಿಟರ್ ಅದನ್ನು ಸದ್ದಿಲ್ಲದೆ ಅಳಿಸಿದರೂ ಗೊತ್ತಾಗುವುದಿಲ್ಲ.

ವರದಿ ಬರೆಯುವುದು

ಹಾಕುವ ಮುನ್ನ ಹುಡುಕಿ. ‘ಕನ್ನಡ’ ಎಂದಷ್ಟೇ ಹುಡುಕಿದರೆ ಸಾಲದು. ತೆಲುಗು, ಇಂಡಿಕ್, ನಾನ್-ಜಾಯ್ನರ್‌ನ ಹ್ರಸ್ವರೂಪ ಎಲ್ಲ ಹಾಕಿ ನೋಡಿ. ತೆಲುಗಿನವರೋ ಪರ್ಷಿಯನ್‌ನವರೋ ಅದೇ ಬಗ್ ಹಾಕಿರುವುದು ಸಾಕಷ್ಟು ಸಲ ಇದೆ. ಸಿಕ್ಕರೆ ಹೊಸದು ಬೇಡ, ಅಲ್ಲೇ ಕನ್ನಡದ ಉದಾಹರಣೆ ಸೇರಿಸಿ. ‘ನನಗೂ ಹೀಗೇ’ ಎಂದಷ್ಟೇ ಬರೆದರೆ ಚಂದಾದಾರರೆಲ್ಲರಿಗೂ ಒಂದು ಮೇಲ್ ಹೋಗುತ್ತದೆ, ಯಾರಿಗೂ ಉಪಯೋಗವಿಲ್ಲ. ಅದಕ್ಕೆ ಹೆಬ್ಬೆರಳಿನ ಗುರುತು ಸಾಕು.

ಶೀರ್ಷಿಕೆಯಲ್ಲೇ ಲಿಪಿ, ತಪ್ಪು, ಸಂದರ್ಭ ಮೂರೂ ಬರಲಿ: ‘ಕನ್ನಡ: ಉಳಿಸಿದಾಗ ಶೀರ್ಷಿಕೆಯಿಂದ ನಾನ್-ಜಾಯ್ನರ್ ಅಳಿಯುತ್ತದೆ’ ಎಂಬಂತೆ, ಪ್ರಾಜೆಕ್ಟಿನ ಭಾಷೆಯಲ್ಲಿ. ಒಳಗೆ ನಕಲು ಮಾಡಬಹುದಾದ ಪಠ್ಯ, ಅದರ ಸಂಕೇತಗಳ ಪಟ್ಟಿ, ಮಾಡಬೇಕಾದ ಹಂತಗಳು, ಬರಬೇಕಾದ್ದು, ಬಂದದ್ದು. ಸ್ಕ್ರೀನ್‌ಶಾಟ್ ಎರಡು ಬೇಕು, ಸರಿಯಾದದ್ದು ಒಂದು, ತಪ್ಪಾದದ್ದು ಒಂದು. ತಪ್ಪಾದ ಜಾಗಕ್ಕೆ ಕೆಂಪು ಸುತ್ತು ಹಾಕಿ. ನೋಡುವವರಿಗೆ ಕನ್ನಡ ಬರುವುದಿಲ್ಲ, ಎರಡು ಚಿತ್ರದ ವ್ಯತ್ಯಾಸವನ್ನು ಅವರು ಆಕಾರದಿಂದಲೇ ಗುರುತಿಸಬೇಕು. ಬರೀ ಚಿತ್ರ ಹಾಕಿ ಪಠ್ಯ ಕೊಡದಿದ್ದರೆ ಅವರು ಅದನ್ನು ಟೈಪ್ ಮಾಡುವುದಾದರೂ ಹೇಗೆ? ಆ್ಯಪ್, ಕಾರ್ಯಾಚರಣ ವ್ಯವಸ್ಥೆ, ಫಾಂಟ್ ಈ ಮೂರರ ಆವೃತ್ತಿ ಸಂಖ್ಯೆ ಬರೆಯಿರಿ. ‘ಲೇಟೆಸ್ಟ್’ ಎಂಬುದು ಸಂಖ್ಯೆಯಲ್ಲ, ಆರು ತಿಂಗಳ ನಂತರ ಓದುವವರಿಗೆ ಅದರಿಂದ ಏನೂ ತಿಳಿಯದು.

ಮೊದಲು ಸರಿಯಿದ್ದು ಈಗ ಕೆಟ್ಟಿದ್ದರೆ ಗಿಟ್ ಬೈಸೆಕ್ಟ್ ಓಡಿಸಿ. ಸರಿಯಿದ್ದ ಆವೃತ್ತಿ, ಕೆಟ್ಟ ಆವೃತ್ತಿ ಹೇಳಿದರೆ ಅದು ನಡುವಿನದನ್ನು ತೆಗೆದುಕೊಡುತ್ತದೆ, ಪ್ರತಿ ಸಲ ಅರ್ಧ ಕಳೆಯುತ್ತದೆ. ಸಾವಿರ ಕಮಿಟ್ (ದಾಖಲಾದ ಬದಲಾವಣೆ) ಇದ್ದರೂ ಸುಮಾರು 10 ಹೆಜ್ಜೆಯಲ್ಲಿ ಕೆಡಿಸಿದ ಕಮಿಟ್ ಕೈಗೆ ಸಿಗುತ್ತದೆ. ಆ ಕಮಿಟ್‌ನ ಗುರುತು ಇರುವ ವರದಿಯನ್ನು ಯಾವ ಮೇಂಟೇನರ್ (ಪ್ರಾಜೆಕ್ಟ್ ನೋಡಿಕೊಳ್ಳುವವರು) ಕೂಡ ಪಕ್ಕಕ್ಕಿಡುವುದಿಲ್ಲ.

ಅಳೆದು ಬರೆದ ವರದಿಗೆ ಎಷ್ಟು ಶಕ್ತಿ ಇರಬಲ್ಲದು ಎಂಬುದಕ್ಕೆ 2024ರ ಎಕ್ಸ್‌ಝಡ್ (ಕಡತ ಕುಗ್ಗಿಸುವ ತಂತ್ರಾಂಶ) ಪ್ರಕರಣ ಸಾಕ್ಷಿ. ಪೋಸ್ಟ್‌ಗ್ರೆಸ್ ಡೇಟಾಬೇಸಿನ ಡೆವಲಪರ್ ಆಂಡ್ರೆಸ್ ಫ್ರಾಯಿಂಡ್ ಎಸ್‌ಎಸ್‌ಎಚ್ (ದೂರದ ಕಂಪ್ಯೂಟರನ್ನು ಸೇರುವ ವಿಧಾನ) ಲಾಗಿನ್ ಅರ್ಧ ಸೆಕೆಂಡಿನಷ್ಟು ತಡವಾಗುತ್ತಿದೆ ಎಂದು ಗಮನಿಸಿ, ಅದರ ಜಾಡು ಹಿಡಿದು, ಎಕ್ಸ್‌ಝಡ್ ಮೂಲಕ ಲಿನಕ್ಸ್ ವಿತರಣೆಗಳೊಳಗೆ ಕಾಲಿಡುತ್ತಿದ್ದ ಕಳ್ಳಬಾಗಿಲನ್ನು ಮಾರ್ಚ್ 29ರಂದು ಬಯಲಿಗೆಳೆದರು. ಅಂದಹಾಗೆ, ಭದ್ರತೆಯ ಬಗ್ ಸಿಕ್ಕರೆ ಬಹಿರಂಗ ಟ್ರ್ಯಾಕರಿನಲ್ಲಿ ಹಾಕಬಾರದು. ಪ್ರಾಜೆಕ್ಟಿನ ಸೆಕ್ಯೂರಿಟಿ ಕಡತದಲ್ಲಿ ಖಾಸಗಿಯಾಗಿ ತಿಳಿಸುವ ವಿಳಾಸ ಇರುತ್ತದೆ.

ಪ್ಯಾಚ್ ಕಳಿಸುವಾಗ

ಕಾಂಟ್ರಿಬ್ಯೂಟಿಂಗ್ ಕಡತವನ್ನು (ಪ್ಯಾಚ್ ಕಳಿಸುವ ನಿಯಮಗಳಿರುವುದು) ಪೂರ್ತಿ ಓದಿ. ಗಿಟ್‌ಹಬ್ಬಿನ ಪುಲ್ ರಿಕ್ವೆಸ್ಟ್ (ಬದಲಾವಣೆ ಸೇರಿಸಿಕೊಳ್ಳಿ ಎಂಬ ಕೋರಿಕೆ) ಎಲ್ಲೆಡೆ ನಡೆಯುವುದಿಲ್ಲ. ಲಿಬ್ರೆಆಫೀಸ್‌ನಲ್ಲಿ ಬಗ್‌ಗಳು ಬಗ್‌ಜಿಲ್ಲಾದಲ್ಲಿ, ಪ್ಯಾಚ್‌ಗಳು ಗೆರಿಟ್‌ನಲ್ಲಿ, ಜೊತೆಗೆ ನಿಮ್ಮ ಕೋಡನ್ನು ಅವರ ಲೈಸೆನ್ಸಿನಡಿ ಕೊಡುತ್ತೇನೆಂದು ಒಮ್ಮೆ ಮೇಲಿಂಗ್ ಲಿಸ್ಟಿಗೆ ಬರೆಯಬೇಕು. ಗ್ನೋಮ್, ಕೆಡಿಇಗಳು ತಮ್ಮದೇ ಗಿಟ್‌ಲ್ಯಾಬ್ ಇಟ್ಟುಕೊಂಡಿವೆ. ನೋಟೊ ಫಾಂಟಿನ ಕನ್ನಡಕ್ಕೆ ಗಿಟ್‌ಹಬ್‌ನಲ್ಲಿ ಬೇರೆಯದೇ ಭಂಡಾರವಿದೆ. ಲಿನಕ್ಸ್ ಕರ್ನಲ್‌ಗೆ ಈಗಲೂ ಮೇಲ್‌ನಲ್ಲೇ ಪ್ಯಾಚ್ ಹೋಗುವುದು: ಗೆಟ್-ಮೇಂಟೇನರ್ ಸ್ಕ್ರಿಪ್ಟ್ ಯಾರಿಗೆ ಕಳಿಸಬೇಕು ಎಂದು ಹೇಳುತ್ತದೆ, ಚೆಕ್‌ಪ್ಯಾಚ್ ಶೈಲಿ ನೋಡುತ್ತದೆ, ಗಿಟ್ ಸೆಂಡ್-ಇಮೇಲ್ ಕಳಿಸುತ್ತದೆ. ಜಿಮೇಲ್‌ನ ವೆಬ್ ಪುಟದಿಂದ ನಕಲಿಸಿ ಅಂಟಿಸಿದರೆ ಟ್ಯಾಬ್‌ಗಳು ಹಾಳಾಗಿ ಪ್ಯಾಚ್ ಅಂಟುವುದೇ ಇಲ್ಲ.

ಕೋಡ್ ಮುಟ್ಟುವ ಮುನ್ನ ಇದ್ದಂತೆಯೇ ಬಿಲ್ಡ್ ಮಾಡಿ (ಕೋಡಿನಿಂದ ಪ್ರೋಗ್ರಾಮ್ ಕಟ್ಟಿ) ಟೆಸ್ಟ್‌ಗಳನ್ನು ಓಡಿಸಿ. ಆಗಲೇ ಎರಡು ಟೆಸ್ಟ್ ಫೇಲಾಗುತ್ತಿದ್ದರೆ ಅದನ್ನು ಬರೆದಿಟ್ಟುಕೊಳ್ಳಿ, ಇಲ್ಲದಿದ್ದರೆ ಮುಂದೆ ಅದು ನಿಮ್ಮದೇ ತಪ್ಪು ಎಂದುಕೊಂಡು ದಿನ ಕಳೆಯುತ್ತೀರಿ. ಹಾರ್ಫ್‌ಬಜ್ ಮೆಸನ್‌ನಲ್ಲಿ ನಿಮಿಷಗಳಲ್ಲಿ ಕಟ್ಟಿಕೊಳ್ಳುತ್ತದೆ. ಲಿಬ್ರೆಆಫೀಸ್‌ನ ಮೊದಲ ಬಿಲ್ಡ್‌ಗೆ ಸಾಧಾರಣ ಲ್ಯಾಪ್‌ಟಾಪಿನಲ್ಲಿ ಗಂಟೆಗಟ್ಟಲೆ ಬೇಕು, ಡಿಸ್ಕಿನಲ್ಲಿ ಧಾರಾಳ ಜಾಗವೂ ಬೇಕು. ಇಂಟರ್ನೆಟ್ ನಿಧಾನವಿದ್ದರೆ ಡೆಪ್ತ್ 1 ಕೊಟ್ಟು ಕ್ಲೋನ್ ಮಾಡುವ (ಕೋಡಿನ ಕೊನೆಯ ಪ್ರತಿಯನ್ನಷ್ಟೇ ಇಳಿಸುವ) ಆಸೆಯಾಗುತ್ತದೆ. ಮಾಡಬೇಡಿ, ಇತಿಹಾಸವೇ ಬರುವುದಿಲ್ಲವಾದ್ದರಿಂದ ಬ್ಲೇಮ್ (ಒಂದು ಸಾಲನ್ನು ಯಾವ ಕಮಿಟ್ ಬದಲಿಸಿತು ಎಂದು ತೋರಿಸುವುದು), ಬೈಸೆಕ್ಟ್ ಎರಡೂ ಕೆಲಸಕ್ಕೆ ಬಾರವು. ಬ್ಲಾಬ್‌ಗಳಿಲ್ಲದ ಫಿಲ್ಟರ್ ಕೊಟ್ಟು ಕ್ಲೋನ್ ಮಾಡಿದರೆ ಇತಿಹಾಸ ಬರುತ್ತದೆ, ಕಡತಗಳ ಹಳೆಯ ಪ್ರತಿಗಳು ಬೇಕಾದಾಗ ಮಾತ್ರ ಇಳಿಯುತ್ತವೆ. ಬಿಲ್ಡ್ ಹಂತದಲ್ಲೇ ಸಿಕ್ಕಿಕೊಂಡರೆ ಬೆಂಗಳೂರಿನಲ್ಲಿ ಫಾಸ್ ಯುನೈಟೆಡ್, ಫ್ರೀ ಸಾಫ್ಟ್‌ವೇರ್ ಮೂವ್‌ಮೆಂಟ್ ಕರ್ನಾಟಕದ ಕೂಟಗಳಿವೆ; ಪಕ್ಕದಲ್ಲಿ ಕೂತು ತೋರಿಸುವವರು ಸಿಗುತ್ತಾರೆ.

ಮೂಲ ಭಂಡಾರವನ್ನು ಅಪ್‌ಸ್ಟ್ರೀಮ್ ಎಂಬ ರಿಮೋಟ್ ಮಾಡಿಕೊಳ್ಳಿ, ಒಂದು ಕೆಲಸಕ್ಕೆ ಒಂದು ಬ್ರಾಂಚ್. ಕಮಿಟ್‌ಗೆ ಮುನ್ನ ಗಿಟ್ ಡಿಫ್ ಅನ್ನು (ಏನು ಬದಲಾಯಿತು ಎಂದು ತೋರಿಸುವ ಆಜ್ಞೆ) ಸ್ಟ್ಯಾಟ್ ಜೊತೆ ಓಡಿಸಿ ನೋಡುವುದನ್ನು ರೂಢಿ ಮಾಡಿಕೊಳ್ಳಿ. 3 ಸಾಲಿನ ಬದಲಾವಣೆಗೆ 600 ಸಾಲು ತೋರಿಸಿದರೆ ನಿಮ್ಮ ಎಡಿಟರ್ ಉಳಿಸುವಾಗ ಇಡೀ ಕಡತವನ್ನು ತನ್ನ ಶೈಲಿಗೆ ಮರುಜೋಡಿಸಿದೆ, ಇಲ್ಲವೇ ವಿಂಡೋಸ್ ಸಾಲಿನ ಕೊನೆಗಳನ್ನು ಬದಲಿಸಿದೆ. ಹೊಸಬರ ಪ್ಯಾಚ್ ಹಿಂದಿರುಗಲು ಇದೇ ದೊಡ್ಡ ಕಾರಣ ಎಂದು ನನ್ನ ಎಣಿಕೆ. ಗಿಟ್ ಆ್ಯಡ್‌ಗೆ ಪಿ ಆಯ್ಕೆ ಕೊಟ್ಟರೆ ತುಂಡು ತುಂಡಾಗಿ ತೋರಿಸಿ ಕೇಳುತ್ತದೆ, ಬೇಕಾದ್ದಷ್ಟನ್ನೇ ಸೇರಿಸಿ.

ಕಮಿಟ್ ಸಂದೇಶದ ಮೊದಲ ಸಾಲು 50 ಅಕ್ಷರದ ಆಸುಪಾಸು, ಒಂದು ಖಾಲಿ ಸಾಲು, ಆಮೇಲೆ 72ಕ್ಕೆ ಮುರಿದ ವಿವರಣೆ. ಏನು ಬದಲಾಯಿತು ಎನ್ನುವುದು ಡಿಫ್‌ನಲ್ಲೇ ಇದೆ. ಸಂದೇಶದಲ್ಲಿ ಏಕೆ ಎಂದು ಬರೆಯಿರಿ. ಕನ್ನಡದಲ್ಲಿ ಜಾಯ್ನರ್ ಹಲಂತಕ್ಕಿಂತ ಮುಂಚೆ ಬರುತ್ತದೆ ಎಂಬ ಮಾತು ಇರಬೇಕಾದ ಜಾಗ ಅದೇ. ಎಷ್ಟೋ ವರ್ಷದ ಮೇಲೆ ಆ ಸಾಲನ್ನು ಅಳಿಸಲು ಹೊರಟವರು ಬ್ಲೇಮ್ ಮಾಡಿ ಓದುವುದು ಅದನ್ನೇ. ಕರ್ನಲ್ ಮತ್ತು ಇನ್ನೂ ಹಲವು ಪ್ರಾಜೆಕ್ಟುಗಳು ‘ಸೈನ್ಡ್-ಆಫ್-ಬೈ’ ಸಾಲು ಕೇಳುತ್ತವೆ. ಕಮಿಟ್‌ಗೆ ಎಸ್ ಆಯ್ಕೆ ಕೊಟ್ಟರೆ ತಾನೇ ಬರುತ್ತದೆ. ಈ ಕೋಡ್ ಕೊಡಲು ನನಗೆ ಹಕ್ಕಿದೆ ಎಂಬ ಘೋಷಣೆ ಅದು. ಕಂಪನಿಯಲ್ಲಿ ಕೆಲಸ ಮಾಡುವವರು ತಮ್ಮ ನೇಮಕಾತಿ ಒಪ್ಪಂದ ಏನು ಹೇಳುತ್ತದೆ ಎಂದು ಮೊದಲೇ ನೋಡಿಕೊಳ್ಳಿ. ಎಐ ಬರೆದ ಕೋಡ್ ಕಳಿಸುವ ವಿಚಾರವಿದ್ದರೆ ಆ ಪ್ರಾಜೆಕ್ಟಿನ ನಿಯಮ ಓದಿ. ಜೆಂಟೂ ಲಿನಕ್ಸ್ 2024ರಲ್ಲೇ ಅದನ್ನು ನಿಷೇಧಿಸಿದೆ. ಫಾಂಟ್ ತಿದ್ದುವವರಿಗೆ ಇನ್ನೊಂದು ಎಚ್ಚರಿಕೆ: ಓಪನ್ ಫಾಂಟ್ ಲೈಸೆನ್ಸಿನಲ್ಲಿ ಹೆಸರು ಕಾದಿರಿಸಿದ್ದರೆ, ತಿದ್ದಿದ ಪ್ರತಿಯನ್ನು ಅದೇ ಹೆಸರಿನಲ್ಲಿ ಹಂಚುವಂತಿಲ್ಲ.

ಕಳಿಸಿದ ಮೇಲೆ ಸಿಐ (ತಾನಾಗಿ ಓಡುವ ಪರೀಕ್ಷೆ) ಕೆಂಪಾದರೆ ಲಾಗ್‌ನ ಕೊನೆಯ ಸಾಲಲ್ಲ, ಮೊದಲ ದೋಷ ನೋಡಿ. ರಿವ್ಯೂನಲ್ಲಿ ಬಂದ ಪ್ರತಿ ಮಾತಿಗೂ ಉತ್ತರ ಕೊಡಿ: ಬದಲಿಸಿದೆ, ಅಥವಾ ಬದಲಿಸಲಿಲ್ಲ, ಕಾರಣ ಇದು. ತಿದ್ದಿ ಮತ್ತೆ ತಳ್ಳುವಾಗ ಬರೀ ಫೋರ್ಸ್ ಬೇಡ, ಫೋರ್ಸ್-ವಿತ್-ಲೀಸ್ ಬಳಸಿ. ನಡುವೆ ಬೇರೆಯವರು ನಿಮ್ಮ ಬ್ರಾಂಚಿಗೆ ಏನಾದರೂ ಸೇರಿಸಿದ್ದರೆ ಅಳಿಸದೆ ನಿಲ್ಲುತ್ತದೆ. ಉತ್ತರವೇ ಬರದಿದ್ದರೆ ಕನಿಷ್ಠ ಒಂದು ವಾರ ಕಾದು ಒಂದು ಸಾಲು ಬರೆಯಿರಿ, ಕರ್ನಲ್‌ನವರು ಹೇಳುವುದೂ ಅದನ್ನೇ. ಸಂಬಳವಿಲ್ಲದೆ ಸಂಜೆ ಹೊತ್ತು ಕೂತು ನೋಡುವವರೇ ಮೇಂಟೇನರ್‌ಗಳಲ್ಲಿ ಅನೇಕರು. ಎಕ್ಸ್‌ಝಡ್‌ನಲ್ಲಿ ದಣಿದಿದ್ದ ಒಬ್ಬ ಮೇಂಟೇನರ್ ಮೇಲೆ ಮೇಲಿಂದ ಮೇಲೆ ಒತ್ತಡ ಹೇರಿಯೇ ದುರುದ್ದೇಶದವರು ಒಳಗೆ ಜಾಗ ಮಾಡಿಕೊಂಡರು. 2020ರ ಹ್ಯಾಕ್ಟೋಬರ್‌ಫೆಸ್ಟ್‌ನಲ್ಲಿ (ಅಕ್ಟೋಬರ್‌ನಲ್ಲಿ ನಡೆಯುವ ಓಪನ್ ಸೋರ್ಸ್ ಅಭಿಯಾನ) ಟೀ ಶರ್ಟಿಗಾಗಿ ರೀಡ್‌ಮಿ ಕಡತಕ್ಕೆ ಒಂದೊಂದು ಪದ ಸೇರಿಸಿದ ಪುಲ್ ರಿಕ್ವೆಸ್ಟುಗಳು ಪ್ರವಾಹದಂತೆ ಬಂದು, ಒಪ್ಪಿದ ಪ್ರಾಜೆಕ್ಟುಗಳಿಗೆ ಮಾತ್ರ ಎಂದು ಆಯೋಜಕರು ಅದೇ ತಿಂಗಳು ನಿಯಮ ಬದಲಿಸಬೇಕಾಯಿತು. ಹೊಸ ಹೆಸರು ಕಂಡಾಗ ಮೇಂಟೇನರ್‌ಗಳು ಸ್ವಲ್ಪ ಬಿಗಿಯಾಗಿರುವುದಕ್ಕೆ ಇಂಥ ಕಾರಣಗಳಿವೆ. ಆ ಬಿಗಿಯನ್ನು ಸಡಿಲಿಸುವುದು ಎರಡನೇ ಪ್ಯಾಚ್. ಮೊದಲನೆಯದು ಸೇರಿದ ಮೇಲೂ ನೀವು ಅಲ್ಲೇ ಇದ್ದೀರಿ ಎಂದು ಅವರಿಗೆ ಕಾಣಬೇಕು.

ಅನುವಾದಕ್ಕೆ ಹೋಗುವವರಿಗೆ

ಕೋಡ್ ಬೇಡ ಎನ್ನುವವರಿಗೆ ಮೊಝಿಲ್ಲಾದ ಪೊಂಟೂನ್, ಲಿಬ್ರೆಆಫೀಸ್‌ನ ವೆಬ್ಲೇಟ್, ಮೀಡಿಯಾವಿಕಿಯ ಟ್ರಾನ್ಸ್‌ಲೇಟ್‌ವಿಕಿ ಇವೆ. ಇಲ್ಲೂ ಕೈಕೊಡುವುದು ಭಾಷೆಗಿಂತ ಹೆಚ್ಚಾಗಿ ತಂತ್ರವೇ. ಶೇಕಡಾ-ಎಸ್, ಶೇಕಡಾ-ಡಿ ಎಂಬ, ಹೆಸರು ಮತ್ತು ಸಂಖ್ಯೆ ತುಂಬಿಕೊಳ್ಳುವ ಜಾಗಗಳನ್ನು ಕನ್ನಡ ವಾಕ್ಯಕ್ಕೆ ತಕ್ಕಂತೆ ಹಿಂದುಮುಂದು ಮಾಡಿದರೆ ಅವಕ್ಕೆ ಕ್ರಮಸಂಖ್ಯೆ ಕೊಡಬೇಕು. ಇಲ್ಲದಿದ್ದರೆ ಸಂಖ್ಯೆ ಬರಬೇಕಾದಲ್ಲಿ ಹೆಸರು ಬಂದು ಪ್ರೋಗ್ರಾಮ್ ಬೀಳಬಹುದು. ಪಿಒ (ಅನುವಾದದ ಸಾಲುಗಳಿರುವ) ಕಡತವನ್ನು ಎಂಎಸ್‌ಜಿಎಫ್‌ಎಂಟಿಗೆ ಸಿ ಆಯ್ಕೆಯೊಂದಿಗೆ ಕೊಟ್ಟರೆ ಇಂಥದ್ದನ್ನು ಹಿಡಿಯುತ್ತದೆ. ಬಹುವಚನದಲ್ಲಿ ಸೊನ್ನೆಯನ್ನು ನೋಡಿಕೊಳ್ಳಿ. ಸಿಎಲ್‌ಡಿಆರ್ (ಯುನಿಕೋಡ್‌ನ ಭಾಷಾ ಮಾಹಿತಿ ಸಂಗ್ರಹ) ನಿಯಮದಲ್ಲಿ ಕನ್ನಡಕ್ಕೆ 0 ಮತ್ತು 1 ಎರಡೂ ಏಕವಚನದ ಗುಂಪು. ಕನ್ನಡದ ಹಲವು ಪಿಒ ಕಡತಗಳ ತಲೆಬರಹದಲ್ಲಿ 1 ಮಾತ್ರ ಏಕವಚನ. ಹೀಗಾಗಿ ಏಕವಚನದ ಸಾಲಿನಲ್ಲಿ ‘ಒಂದು ಕಡತ’ ಎಂದು ಅಕ್ಷರದಲ್ಲಿ ಬರೆದುಬಿಟ್ಟರೆ, ಸಿಎಲ್‌ಡಿಆರ್ ಬಳಸುವ ಆ್ಯಪ್‌ನಲ್ಲಿ ಫೋಲ್ಡರ್ ಖಾಲಿಯಿದ್ದಾಗಲೂ ‘ಒಂದು ಕಡತ’ ಎಂದೇ ತೋರಿಸುತ್ತದೆ. ಸಂಖ್ಯೆಯ ಜಾಗವನ್ನು ಹಾಗೇ ಉಳಿಸಿ. ‘ಫಜಿ’ (ಖಚಿತವಲ್ಲ) ಎಂದು ಗುರುತಾದ ಸಾಲುಗಳು ಆ್ಯಪ್‌ನಲ್ಲಿ ಕಾಣುವುದಿಲ್ಲ. ಹೊಸದನ್ನು ಅನುವಾದಿಸುವ ಮುನ್ನ ಅವನ್ನು ನೋಡಿ ಸರಿಪಡಿಸಿದರೆ ಕಡಿಮೆ ಶ್ರಮಕ್ಕೆ ಹೆಚ್ಚು ಕನ್ನಡ ತೆರೆಗೆ ಬರುತ್ತದೆ. ಯಂತ್ರಾನುವಾದವನ್ನು ಸಾವಿರಗಟ್ಟಲೆ ಸುರಿಯುವುದು ಮಾತ್ರ ಬೇಡ. ಅದನ್ನು ತಿದ್ದುವ ಹೊರೆ, ಇರುವ ಬೆರಳೆಣಿಕೆಯ ಕನ್ನಡ ವಿಮರ್ಶಕರ ತಲೆಗೇ ಬರುತ್ತದೆ.

ಮರ್ಜ್ ಆದ ಮೇಲೆ

ಪ್ಯಾಚ್ ಸೇರಿದ ದಿನವೇ ಜನರ ಫೋನಿನಲ್ಲಿ ಸರಿಹೋಗುವುದಿಲ್ಲ. ಫಾಂಟಿನ ತಿದ್ದುಪಡಿ ಮೊದಲು ಫಾಂಟಿನ ಬಿಡುಗಡೆಗೆ, ಆಮೇಲೆ ವಿತರಣೆಯ ಪ್ಯಾಕೇಜಿಗೆ, ಆಮೇಲೆ ಬಳಕೆದಾರರ ಅಪ್‌ಡೇಟ್‌ಗೆ ಬರಬೇಕು. ಡೆಬಿಯನ್ ಸ್ಟೇಬಲ್ ಬಳಸುವವರಿಗೆ ಮುಂದಿನ ಆವೃತ್ತಿ ಬರುವವರೆಗೂ ಸಿಗದೇ ಇರಬಹುದು, ಏಕೆಂದರೆ ಆ ವಿತರಣೆ ನಡುವೆ ಭದ್ರತೆಯ ಮತ್ತು ಗಂಭೀರ ದೋಷಗಳ ತಿದ್ದುಪಡಿಗಳನ್ನಷ್ಟೇ ತೆಗೆದುಕೊಳ್ಳುತ್ತದೆ. ಅಷ್ಟರಲ್ಲಿ ಅದೇ ಬಗ್ ಬಗ್ಗೆ ಹೊಸ ವರದಿಗಳು ಬರುತ್ತವೆ. ಹಳೆಯದರ ಕೊಂಡಿ ಕೊಟ್ಟು, ಯಾವ ಆವೃತ್ತಿಯಲ್ಲಿ ಸರಿಹೋಗಿದೆ ಎಂದು ಬರೆದು ಅವನ್ನು ಜೋಡಿಸುವ ಕೆಲಸಕ್ಕೆ ವಿಶೇಷ ಅನುಮತಿ ಬೇಕಿಲ್ಲ, ಯಾರು ಬೇಕಾದರೂ ಮಾಡಬಹುದು. ಬಿಡುಗಡೆಯಾದ ಆವೃತ್ತಿಯನ್ನು ಹಾಕಿಕೊಂಡು ಅದೇ ಹಂತಗಳನ್ನು ಮತ್ತೆ ಮಾಡಿ ನೋಡಿ, ಸರಿಯಿದ್ದರೆ ಬಗ್‌ನಲ್ಲಿ ಆವೃತ್ತಿ ಸಂಖ್ಯೆ, ಫಾಂಟಿನ ಹೆಸರು, ಹೊಸ ಸ್ಕ್ರೀನ್‌ಶಾಟ್ ಹಾಕಿ ‘ಪರಿಶೀಲಿಸಿದೆ’ ಎಂದು ಬರೆಯಿರಿ. ಲಿಬ್ರೆಆಫೀಸ್‌ನ ಬಗ್‌ಜಿಲ್ಲಾದಲ್ಲಿ ಇದಕ್ಕೆ ‘ವೆರಿಫೈಡ್’ ಎಂಬ ಸ್ಥಿತಿಯೇ ಇದೆ. ಕನ್ನಡದ ಬಗ್‌ಗಳಿಗೆ ಆ ಗುರುತನ್ನು ಕನ್ನಡ ಓದಬಲ್ಲವರೇ ಹಾಕಬೇಕು.